ಸ್ಕೂಟರಿಗೆ ಎರಡೇ ನಿಂಬೆಹಣ್ಣು

ನಮ್ಮ ಮನೆಯ ಈಳಿಗೆ ಮಣೆ ಕೆಲವು ವರ್ಷ ಪೊಲೀಸು ಠಾಣೆಯಲ್ಲಿ ಬಂದಿಯಾಗಿತ್ತು. ಬಿಳಿ ಬಟ್ಟೆಯಲ್ಲಿ ಸುತ್ತಿ, ದಾರ ಬಿಗಿದು, ಅರಗು ಸುರಿದು, ಮುದ್ರೆ ಒತ್ತಿ ಇಟ್ಟಿದ್ದರು. ಅಕ್ಕಪಕ್ಕದಲ್ಲಿ ನಾಡಪಿಸ್ತೂಲುಗಳು, ಚೂರಿಗಳು ಇದ್ದಿರಬೇಕು. ನನ್ನ ಅತ್ತೆ ಮೈಸೂರಿನಲ್ಲಿ ಕೊಂಡು, ನಾನು ದೆಹಲಿಗೆ ಸಂಸಾರ ಹೂಡಲು ಹೊರಟಾಗ ಟ್ರಂಕಿನೊಳಗೆ ಸೀರೆಗಳ ನಡುವೆ ಇಟ್ಟು ಕಳಿಸಿದ ಮಣೆ ಅದು. ಹಲಸಿನ ಹಲಗೆ, ತುದಿಯಲ್ಲಿ ಕಾಯಿ ತುರಿಯುವ ಹಲ್ಲು, ಕೆಲಸವಿಲ್ಲದಾಗ ಮಡಚಿಡಬಹುದಾದ ಅಲಗು. ಅದರ ಮೇಲೆ ಕೂತು ನಾನು ಬದನೇಕಾಯಿ, ಹುರುಳೀಕಾಯಿ ಹೆಚ್ಚಿದ್ದೇನೆಯೇ ಹೊರತು ಯಾರಿಗೂ ಒಂದು ಗೀರು ಮಾಡಿದವಳಲ್ಲ. ಸರ್ಕಾರದ ಕಾಗದದಲ್ಲಿ ಮಾತ್ರ ಅದು ಮಾರಕಾಸ್ತ್ರ.

ಇದಕ್ಕೆಲ್ಲ ಕಾರಣನಾದ ಕೆಳಮನೆಯಾತನ ಮೇಲೆ ನಿಮಗೆ ಇನ್ನೂ ಸಿಟ್ಟಿದೆಯೇ ಎಂದು ಪರಿಚಯದವರು ಕೇಳುತ್ತಾರೆ. ಇಲ್ಲ. ಸಿಟ್ಟು ಬರುವುದಕ್ಕೆ ಎದುರಿಗಿರುವವರಿಗೂ ಒಂದಿಷ್ಟು ತೂಕ ಬೇಕು. ತೊಗರಿಬೇಳೆಯಲ್ಲಿ ಹುಳು ಕಂಡರೆ ನಾವು ಸಿಟ್ಟಾಗುತ್ತೇವೆಯೇ? ಮೊರ ತಂದು ಕೇರುತ್ತೇವೆ, ಅಷ್ಟೆ.

ನಾವಿದ್ದದ್ದು ಪೀತಮ್‌ಪುರದ ಫ್ಲ್ಯಾಟುಗಳಲ್ಲಿ, ಮೊದಲ ಮಹಡಿ. ನನ್ನ ಯಜಮಾನರು ಕೇಂದ್ರ ಸರ್ಕಾರದ ಕಚೇರಿಯೊಂದರಲ್ಲಿ ನೌಕರರು. ಮಾತು ಕಡಿಮೆ, ಕೆಲಸ ಅಚ್ಚುಕಟ್ಟು. ಮಗಳು ಆಗ ಹೈಸ್ಕೂಲಿನಲ್ಲಿದ್ದಳು. ನಮ್ಮ ಕಟ್ಟಡದಲ್ಲಿ ಎಂಟು ಮನೆ. ಪಂಜಾಬಿಗಳು, ಬಂಗಾಳಿಗಳು, ಗಢವಾಲಿನವರು, ನಾವು. ಎಂಟು ಮನೆಗೂ ಸೇರಿ ಕೆಳಗೊಂದು ಅಂಗಳ. ಅಲ್ಲಿ ಸ್ಕೂಟರು ನಿಲ್ಲಿಸುತ್ತಿದ್ದೆವು, ಚಳಿಗಾಲದಲ್ಲಿ ಬಿಸಿಲಿಗೆ ಕೂತು ಬಟಾಣಿ ಸುಲಿಯುತ್ತಿದ್ದೆವು.

ಕೆಳಮನೆಯಾತ ಮನೆ-ಸೈಟು ಕೊಡಿಸುವ ದಲ್ಲಾಳಿ. ಅದಕ್ಕಿಂತ ಮುಖ್ಯವಾಗಿ ನಮ್ಮ ಕಾಲೊನಿಯ ರಾಮಲೀಲಾ ಸಮಿತಿಯ ಮುಖಂಡ. ನವರಾತ್ರಿ ಬಂತೆಂದರೆ ಹಣೆಯ ಮೇಲೆ ಮೂರು ಬೆರಳಗಲ ತಿಲಕ, ಕೊರಳಲ್ಲಿ ಕೇಸರಿ ಶಾಲು. ಧರ್ಮದ ವಿಷಯದಲ್ಲಿ ತನಗೆ ಗೊತ್ತಿಲ್ಲದ್ದು ಪ್ರಪಂಚದಲ್ಲಿ ಇಲ್ಲ ಎಂಬ ಭ್ರಮೆ. ನನ್ನ ತುಳಸಿ ಕುಂಡ ಎತ್ತ ಕಡೆ ಇರಬೇಕು ಎಂಬುದನ್ನೂ ಕೆಳಗೆ ನಿಂತು ಕೂಗಿ ಹೇಳುತ್ತಿದ್ದ.

"ಭಾಭೀಜಿ, ನೀವು ಮದ್ರಾಸಿ ಜನ, ನಿಮಗೆ ತಿಳಿಯೋದಿಲ್ಲ. ಈಶಾನ್ಯಕ್ಕಿಡಿ, ಈಶಾನ್ಯಕ್ಕೆ!"

"ಅಲ್ಲಿಟ್ಟರೆ ಬಿಸಿಲು ಬೀಳಲ್ಲ ಭಾಯಿಸಾಬ್. ತುಳಸಿಗೆ ವಾಸ್ತು ಓದೋಕೆ ಬರಲ್ಲ," ಎನ್ನುತ್ತಿದ್ದೆ.

ಮೈಸೂರಿಗೂ ಮದ್ರಾಸಿಗೂ ಇರುವ ದೂರವನ್ನು ತಿಳಿಸಿ ಹೇಳುವ ಪ್ರಯತ್ನವನ್ನು ನಾನು ಬಂದ ವರ್ಷವೇ ಬಿಟ್ಟಿದ್ದೆ.

ಒಂದು ವರ್ಷ ಆಯುಧಪೂಜೆಯ ಹೊತ್ತಿಗೆ ಆತ ಹೊಸ ಕಾರು ಕೊಂಡ. ಆ ವರ್ಷವೂ ನಾವು ಎಂದಿನಂತೆ ಅಂಗಳದಲ್ಲಿ ಸ್ಕೂಟರು ತೊಳೆದು, ವಿಭೂತಿ ಎಳೆದು, ಚೆಂಡುಹೂವಿನ ಹಾರ ಹಾಕಿ ಪೂಜೆ ಮಾಡಿದೆವು. ಆತನ ಹೆಂಡತಿ ಹತ್ತಿರ ಬಂದು ನಿಂತಳು. "ಭಾಭೀಜಿ, ನಮ್ಮ ಗಾಡಿಗೂ ನಿಮ್ಮ ಕಡೆಯ ಪೂಜೆ ಮಾಡಿಬಿಡಿ. ನಿಮ್ಮದು ಬಹಳ ಪಕ್ಕಾ ಅಂತ ಕೇಳಿದೀನಿ, ನಜರ್ ಬೀಳೋದೇ ಇಲ್ಲವಂತೆ!" ಆತನೂ ಹಿಂದೆ ಕೈಕಟ್ಟಿ ನಿಂತು, "ಚಲೋ, ಇದೂ ಆಗಿಬಿಡಲಿ," ಎಂದ. ನಾನು ಸಂತೋಷವಾಗಿಯೇ ಮಾಡಿಸಿದೆ. ಬೂದುಗುಂಬಳಕಾಯಿಯ ತಲೆ ಕೊರೆದು, ಒಳಗೆ ಅರಿಶಿನ-ಸುಣ್ಣ ಕಲಸಿದ ಕೆಂಪು ಓಕುಳಿ ತುಂಬಿ, ಚಿಲ್ಲರೆ ಕಾಸು ಹಾಕಿದೆವು. ಯಜಮಾನರು ಅದನ್ನು ದೃಷ್ಟಿ ಇಳಿಯಲೆಂದು ಕಾರಿನ ಸುತ್ತ ನಿವಾಳಿಸಿ ನೆಲಕ್ಕೆ ಅಪ್ಪಳಿಸಿದರು. ನಾಲ್ಕು ಚಕ್ರಕ್ಕೆ ನಾಲ್ಕು ನಿಂಬೆಹಣ್ಣು ಇಟ್ಟೆ. ಆತ ಅದರ ಮೇಲೆ ಕಾರು ಹರಿಸಿ, ಗೆದ್ದವನ ಹಾಗೆ ಇಳಿದು ಬಂದ. ಹೆಸರುಬೇಳೆ ಕೋಸಂಬರಿ ಎರಡು ಸಲ ಕೇಳಿ ಹಾಕಿಸಿಕೊಂಡ. "ಹಿಂಗಿನ ವಾಸನೆ ಚೆನ್ನಾಗಿದೆ," ಎಂದೂ ಹೇಳಿದ. ಓದುವವರು ಈ ಮಾತನ್ನು ನೆನಪಿನಲ್ಲಿಟ್ಟುಕೊಳ್ಳಬೇಕು.

ಕಾರು ಬಂದ ಮೇಲೆ ಅದಕ್ಕೊಂದು ಗೂಡು ಬೇಡವೇ? ಇಡೀ ಅಂಗಳಕ್ಕೆ ಕಬ್ಬಿಣದ ಜಾಲರಿ ಹಾಕಿ, ಬೀಗ ಜಡಿದು ತನ್ನದು ಮಾಡಿಕೊಳ್ಳುವ ಆಸೆ ಆತನಿಗೆ ಹುಟ್ಟಿತು. ಅದಕ್ಕೆ ಎಂಟೂ ಮನೆಯವರ ಒಪ್ಪಿಗೆಯ ಸಹಿ ಬೇಕಿತ್ತು. ಏಳು ಮನೆಯಲ್ಲಿ ಆಯಿತು. ಒಬ್ಬರಿಗೆ ಭಯ, ಒಬ್ಬರಿಗೆ ದಾಕ್ಷಿಣ್ಯ, ಇನ್ನೊಬ್ಬರಿಗೆ ಆತ ಬಾಡಿಗೆದಾರರನ್ನು ಹುಡುಕಿಕೊಟ್ಟಿದ್ದ ಋಣ. ನಮ್ಮ ಯಜಮಾನರು ಮಾತ್ರ, "ಅಂಗಳ ನನ್ನದಲ್ಲ, ಕೊಡೋಕೆ ನಾನು ಯಾರು?" ಎಂದು ಪೆನ್ನು ಹಿಂದಿರುಗಿಸಿದರು. ಅಷ್ಟೇ ಮಾತು. ಜಗಳವಿಲ್ಲ, ದನಿ ಏರಿಸಿದ್ದಿಲ್ಲ. ಆದರೂ ಆತ ಬೆಸುಗೆಯವರನ್ನು ಕರೆಸಿ ಕಂಬಿಗಳನ್ನು ತಂದು ರಾಶಿ ಹಾಕಿಸಿದ್ದ. ಅವನ್ನು ಎಳೆದಾಡುವಾಗ ಮುಂಗೈಗೆ ತರಚಿಕೊಂಡಿದ್ದನ್ನು ನಾನು ಬಾಲ್ಕನಿಯಿಂದ ಕಣ್ಣಾರೆ ಕಂಡಿದ್ದೆ. ಮರುವರ್ಷದ ಆಯುಧಪೂಜೆಯ ಹಿಂದಿನ ಸಂಜೆ ಅದು.

ಮರುದಿನ ಬೆಳಗ್ಗೆ ಯಜಮಾನರು ಪಂಚೆ ಉಟ್ಟು, ಎಂದಿನಂತೆ ಸ್ಕೂಟರಿಗೆ ಪೂಜೆ ಮಾಡಿದರು. ಮನೆಯ ಸುತ್ತಿಗೆ, ಕತ್ತರಿ, ಹೊಲಿಗೆ ಯಂತ್ರದ ಸೂಜಿ, ನನ್ನ ಈಳಿಗೆ ಮಣೆ, ಎಲ್ಲವನ್ನೂ ಅಂಗಳದಲ್ಲೇ ಒಂದು ಹಲಗೆಯ ಮೇಲೆ ಸಾಲಾಗಿ ಇಟ್ಟು ಕುಂಕುಮ. ಕುಂಬಳಕಾಯಿ ಒಡೆದರು. ಎರಡು ನಿಂಬೆಹಣ್ಣಿನ ಮೇಲೆ ಸ್ಕೂಟರು ಹರಿಸಿದರು. ಕೆಳಮನೆಯಾತ ತನ್ನ ಬಾಗಿಲಲ್ಲಿ ಹಲ್ಲುಜ್ಜುತ್ತ ಎಲ್ಲವನ್ನೂ ನೋಡಿದ. ನಾನು ಮೇಲೆ ಹೋಗಿ ನೆನೆಸಿದ್ದ ಬೇಳೆ ಬಸಿಯುತ್ತಿದ್ದೆ. ಅಷ್ಟರಲ್ಲಿ ಪೊಲೀಸರು ಬಂದರು, ಕೆಳಗೆ ಓಡಿದೆ.

ಆತ ಬರೆದುಕೊಟ್ಟಿದ್ದ ದೂರು ಇಷ್ಟು: ಅಂಗಳದ ವಿಷಯದಲ್ಲಿ ಹಗೆ ಇಟ್ಟುಕೊಂಡ ನನ್ನ ಯಜಮಾನರು ಹರಿತವಾದ ಆಯುಧ ಹಿಡಿದು ಮೇಲೆ ಬಿದ್ದರು, ಕಡಿದುಹಾಕುತ್ತೇನೆ ಎಂದರು, ಮುಂಗೈ ಸೀಳಿದರು. ಸಾಕ್ಷಿಗೆ ಅಂಗಳದಲ್ಲಿ ರಕ್ತ ಬಿದ್ದಿದೆ.

ಕಾನ್‌ಸ್ಟೇಬಲ್ ಒಬ್ಬ ನಮ್ಮ ಓಕುಳಿಯನ್ನು ಹತ್ತಿಗೆ ಹೀರಿಸಿ ಸೀಸೆಗೆ ತುಂಬಿಕೊಂಡ. ಇನ್ನೊಬ್ಬ ಈಳಿಗೆ ಮಣೆಯನ್ನು ಹಾವು ಹಿಡಿದಂತೆ ದೂರದಿಂದ ಎತ್ತಿದ.

"ಇದೇನಿದು?"

"ತರಕಾರಿ ಹೆಚ್ಚೋದು ಭಯ್ಯಾ. ಅದರ ಮೇಲೆ ಕೂತ್ಕೊಂಡು ಹೆಚ್ತೀವಿ."

"ಆಯುಧದ ಮೇಲೆ ಕೂತ್ಕೊಳ್ತೀರಾ?" ಎಂದು ನನ್ನನ್ನೇ ಅನುಮಾನದಿಂದ ನೋಡಿದ. "ಈ ಕೆಂಪು?"

"ಕುಂಕುಮ."

"ಆಯುಧಕ್ಕೆ ಕುಂಕುಮ ಯಾಕೆ ಹಚ್ಚಿದ್ರಿ?"

"ಇವತ್ತು ಆಯುಧಪೂಜೆ," ಎಂದುಬಿಟ್ಟೆ. ಆತ ತಲೆಯಾಡಿಸಿ ಬರೆದುಕೊಂಡ. ನಮ್ಮ ಹಬ್ಬದ ಹೆಸರೇ ನಮಗೆ ತಿರುಗಿತು. ನನ್ನ ಬಾಯಿಂದ ಸತ್ಯವಲ್ಲದೆ ಬೇರೇನೂ ಬಂದಿರಲಿಲ್ಲ, ಅವನ ಕಾಗದದಲ್ಲಿ ಅದೇ ತಪ್ಪೊಪ್ಪಿಗೆಯ ಹಾಗೆ ಕೂತಿತು.

ತಾಯಿ ಚಾಮುಂಡಿಯ ಕೃಪೆ ಆವತ್ತು ಇಷ್ಟಿತ್ತು: ಮಗಳು ಗೆಳತಿಯ ಮನೆಗೆ ಹೋಗಿದ್ದಳು, ತಂದೆಯನ್ನು ಜೀಪಿಗೆ ಹತ್ತಿಸಿದ್ದು ನೋಡಲಿಲ್ಲ. ಪಂಚೆ ಬಿಚ್ಚಿ ಪ್ಯಾಂಟು ಹಾಕಿಕೊಳ್ಳಲು ಪೊಲೀಸರು ಬಿಟ್ಟರು. ಕೈಕೋಳ ಹಾಕಲಿಲ್ಲ. ಮರುದಿನ ವಿಜಯದಶಮಿ, ಮಧ್ಯಾಹ್ನದ ಹೊತ್ತಿಗೆ ಜಾಮೀನು ಸಿಕ್ಕಿ ಮನೆಗೆ ಬಂದರು. ಸ್ನಾನ ಮಾಡಿ, ಮೊಸರನ್ನ ಉಂಡರು. ಆ ಸಂಜೆ ಮೈದಾನದಲ್ಲಿ ರಾವಣನನ್ನು ಸುಡುವಾಗ ಕೆಳಮನೆಯಾತ ಮುಂದಿನ ಸೋಫಾದಲ್ಲಿ, ಮೊಣಕೈವರೆಗೆ ಬ್ಯಾಂಡೇಜು ಸುತ್ತಿಕೊಂಡು, ಎಲ್ಲರಿಗೂ ತೋರಿಸಿಕೊಳ್ಳುತ್ತ ಕೂತಿದ್ದನಂತೆ. ಒಂದು ತರಚುಗಾಯಕ್ಕೆ ಅಷ್ಟು ಬಟ್ಟೆ. ಹತ್ತು ತಲೆಯವನನ್ನು ಸುಡಲು ಅಷ್ಟು ಖರ್ಚು ಮಾಡುವವರು ಮುಂದಿನ ಸಾಲಿನ ಒಂದು ತಲೆಯನ್ನು ಒಂದು ಸಲ ತಿರುಗಿ ನೋಡಬಹುದಿತ್ತು.

ಆಮೇಲಿನ ಕಾಲ ನಿಧಾನವಾಗಿ ಕೊಳೆಯುವ ಕಾಲ. ಕ್ರಿಮಿನಲ್ ಕೇಸು ನಡೆಯುತ್ತಿರುವ ನೌಕರನಿಗೆ ಬಡ್ತಿ ಕೊಡುವುದಿಲ್ಲ. ಹೆಸರನ್ನು ಲಕೋಟೆಗೆ ಹಾಕಿ, ಮುಚ್ಚಿ, ಕೇಸು ಮುಗಿಯುವವರೆಗೆ ಇಡುತ್ತಾರೆ. ಯಜಮಾನರ ಕೈಕೆಳಗೆ ಕೆಲಸ ಕಲಿತವರು ಅವರ ಮೇಲಿನ ಕುರ್ಚಿಗೆ ಹೋದರು. ಅದನ್ನೂ ಸಹಿಸಬಹುದಿತ್ತು. ಅವರು ಅಂಗಳಕ್ಕೆ ಇಳಿಯುವುದನ್ನು ಬಿಟ್ಟದ್ದು ನನ್ನಿಂದ ಸಹಿಸಲಾಗಲಿಲ್ಲ. ಸ್ಕೂಟರನ್ನು ಗೇಟಿನಾಚೆ, ಮದರ್ ಡೈರಿ ಹಾಲಿನ ಬೂತಿನ ಪಕ್ಕ ನಿಲ್ಲಿಸಿ, ಮೆಟ್ಟಿಲು ಹತ್ತುವಾಗ ತಲೆತಗ್ಗಿಸಿ ಬರುತ್ತಿದ್ದರು. ಮರುವರ್ಷ ಹಬ್ಬಕ್ಕೆ ಕುಂಬಳಕಾಯಿ ತರಲೇ ಎಂದು ಕೇಳಿದೆ.

"ಬೇಡ ಕಣೇ. ಇನ್ನು ಆ ಅಂಗಳದಲ್ಲಿ ನಾನು ಏನೂ ಒಡೆಯೋನಲ್ಲ."

ನನ್ನ ಎದೆಯಲ್ಲಿ ಆಗ ಒಂದೇ ಹಟ ಹುಟ್ಟಿತು. ಬಡ್ತಿಯಲ್ಲ, ಪರಿಹಾರವಲ್ಲ. ಈ ಮನುಷ್ಯ ಅದೇ ಅಂಗಳದ ಅದೇ ಜಾಗದಲ್ಲಿ ತಲೆಯೆತ್ತಿ ನಿಂತು ಕುಂಬಳಕಾಯಿ ಒಡೆಯಬೇಕು. ದೇವರ ಮುಂದೆ ಇನ್ನೇನೂ ಕೇಳಲಿಲ್ಲ.

ಕೇಸು ಶುರುವಾದಾಗ ಕೋರ್ಟಿಗೆ ಬಸ್ಸಿನಲ್ಲಿ ಜೋತುಬಿದ್ದು ಹೋಗುತ್ತಿದ್ದೆವು. ತಾರೀಖಿನ ಮೇಲೆ ತಾರೀಖು ಬೀಳುತ್ತಿದ್ದಂತೆ ನಮ್ಮ ಬಾಲ್ಕನಿಗೆ ಕಾಣುವಂತೆ ಮೆಟ್ರೋ ಕಂಬಗಳು ಮೇಲೆದ್ದವು, ಹಳಿ ಬಂತು, ಕೊನೆಗೆ ರೈಲೇ ಬಂತು. ಪೀತಮ್‌ಪುರದಲ್ಲಿ ಹತ್ತಿ ತೀಸ್ ಹಜಾರಿಯಲ್ಲಿ ಇಳಿದರೆ ಎದುರಿಗೇ ಕೋರ್ಟು. ನ್ಯಾಯಕ್ಕಿಂತ ಮೊದಲು ರೈಲು ಬಂತು. ತಣ್ಣನೆಯ ಡಬ್ಬಿಯಲ್ಲಿ ಕೂತು ಹೋಗುವಾಗ ನಾನು ಅದಕ್ಕೂ ಕೈಮುಗಿದಿದ್ದೇನೆ.

ನಮ್ಮ ವಕೀಲರು ವಯಸ್ಸಾದ ಸರ್ದಾರ್ಜಿ. ಕಪ್ಪು ಕೋಟಿನ ಜೇಬಿನಲ್ಲಿ ಯಾವಾಗಲೂ ಹುರಿದ ಕಡಲೆ. ಸಾಕ್ಷಿ ಹೇಳುವ ದಿನ ಈಳಿಗೆ ಮಣೆಯ ಅರಗು ಒಡೆಸಿ, ಮೇಜಿನ ಮೇಲಿಡಿಸಿ, "ಇವರು ಇದನ್ನು ಹೇಗೆ ಹಿಡಿದು ಹೊಡೆದರು, ತೋರಿಸಿ," ಎಂದು ಕೆಳಮನೆಯಾತನಿಗೆ ಹೇಳಿದರು. ಆತ ಹಲಗೆ ಹಿಡಿದು ಮೇಲಕ್ಕೆತ್ತಿದ. ಅಲಗು ಕಟಕ್ಕನೆ ಮಡಚಿಕೊಂಡು ಹಲಗೆಗೆ ಒರಗಿತು. ಬಿಡಿಸಿ ಮತ್ತೆ ಎತ್ತಿದ. ಮತ್ತೆ ಮಡಚಿಕೊಂಡಿತು. ಕಾಲಲ್ಲಿ ಹಲಗೆ ಅದುಮಿ ಕೂರದೆ ಅದು ನಿಲ್ಲುವುದಿಲ್ಲ ಎಂಬುದು ನಮ್ಮ ಕಡೆಯ ಯಾವ ಹೆಂಗಸಿಗೂ ಗೊತ್ತು. ಹಿಂದೆ ಕೂತಿದ್ದವರು ಬಾಯಿಗೆ ಕೈ ಅಡ್ಡ ಇಟ್ಟುಕೊಂಡರು. ಸೀಸೆಯೊಳಗಿನ ಕೆಂಪು ರಕ್ತವಲ್ಲ, ಅರಿಶಿನ ಮತ್ತು ಸುಣ್ಣ ಎಂಬ ವರದಿಯೂ ಆಮೆಯಂತೆ ತೆವಳಿಕೊಂಡು ಬಂತು. ಯಜಮಾನರ ಬಿಡುಗಡೆಯಾಯಿತು.

ಆದರೆ ಹೇಗೆ? ಸಂಶಯದ ಲಾಭ ಕೊಟ್ಟು. ತರಕಾರಿ ಗಾಡಿಯವನು ಕೊನೆಗೆ ಚೀಲಕ್ಕೆ ಎಸೆಯುವ ಪುಕ್ಕಟೆ ಕೊತ್ತಂಬರಿ-ಮೆಣಸಿನಕಾಯಿಯ ಹಾಗೆ, ತಗೊಳ್ಳಿ, ಇಟ್ಕೊಳ್ಳಿ. ಬಡ್ತಿಯ ಲಕೋಟೆ ಒಡೆದರು, ಅದು ನಿಜ. ಅಷ್ಟು ಹೊತ್ತಿಗೆ ನಿವೃತ್ತಿ ಹತ್ತಿರ ಬಂದಿತ್ತು. ಕೆಳಮನೆಯಾತ ಮೆಟ್ಟಿಲ ಬಳಿ ನಿಂತು ನೆರೆಯವರಿಗೆ ಕೇಳಿಸುವಂತೆ, "ತಪ್ಪಿಸಿಕೊಂಡ್ರು, ಅಷ್ಟೆ. ಮಾಡಿಲ್ಲ ಅಂತ ಜಡ್ಜ್ ಎಲ್ಲಿ ಹೇಳಿದ್ದಾರೆ?" ಎಂದ. ಯಜಮಾನರು ತಲೆತಗ್ಗಿಸಿ ಮೇಲೆ ಬಂದರು.

ಆವತ್ತೇ ನಾನು ವಕೀಲರಿಗೆ ಫೋನು ಮಾಡಿದೆ.

"ಸುಳ್ಳು ಕೇಸು ಹಾಕಿದ್ದಕ್ಕೆ ಪರಿಹಾರದ ದಾವೆ ಹಾಕಬಹುದು ಬೆಹೆನ್‌ಜೀ," ಎಂದರು. "ಆದ್ರೆ ಬಿಡುಗಡೆಯಾದ್ರೆ ಸಾಲದು. ಆತ ಸುಳ್ಳು ಅಂತ ಗೊತ್ತಿದ್ದೂ, ದ್ವೇಷದಿಂದ ದೂರು ಕೊಟ್ಟ ಅಂತ ನಾವೇ ತೋರಿಸಬೇಕು. ಮತ್ತೆ ಒಂದು ವರ್ಷದೊಳಗೆ ಹಾಕಬೇಕು. ಅದು ದಾಟಿದ್ರೆ ವಾಹೆಗುರು ಬಂದು ಹಾಕಿದ್ರೂ ತಗೊಳ್ಳೋದಿಲ್ಲ."

ಈ ಸುದ್ದಿ ತಿಳಿದು ನಮ್ಮ ಕನ್ನಡದ ಬಳಗದವರು ಕ್ಷಮೆಯ ಉಪದೇಶಕ್ಕೆ ಬಂದರು. ಕೇಸು ನಡೆಯುವಾಗ ನಮ್ಮ ಮನೆಯ ಕಾಫಿಗೆ ಬಾರದಿದ್ದವರು ಈಗ ಬಿಸಿಬೇಳೆಬಾತ್ ಉಂಡು ಹೇಳಿದರು:

"ಬಿಟ್ಬಿಡಿ ಅಮ್ಮ, ದೊಡ್ಡ ಮನಸ್ಸು ಮಾಡಿ. ದೇವರು ನೋಡ್ಕೋತಾನೆ."

"ದೇವರನ್ನ ಕೇಳಿದೆ," ಎಂದೆ. "ನಮ್ಮ ಮನೆ ದೇವರು ಚಾಮುಂಡಿ. ಅಸುರನ ಮೇಲೆ ಕಾಲಿಟ್ಟು ನಿಂತಿದ್ದಾಳೆ. ರಾಜಿ ಮಾಡ್ಕೋ ಅಂತ ಅವಳು ಹೇಳಲಿಲ್ಲ. ಇನ್ನಷ್ಟು ಬೂಂದಿ ಹಾಕಲಾ?"

ಯಜಮಾನರಿಗೂ ಮನಸ್ಸಿರಲಿಲ್ಲ. ಮಗಳು ಆಗ ಕಾಲೇಜಿನಲ್ಲಿದ್ದಳು. ಊಟದ ತಟ್ಟೆಯಿಂದ ತಲೆಯೆತ್ತದೆ ಹೇಳಿದಳು: "ಪಾಪಾ, ನನ್ನ ಫ್ರೆಂಡ್ಸ್ ಮನೆಯಲ್ಲಿ ಇನ್ನೂ ಕೇಳ್ತಾರೆ, ವೋ ಚಾಕೂ ವಾಲೇ ಅಂಕಲ್ ಕೀ ಬೇಟಿ, ಆ ಚಾಕು ಹಿಡಿದ ಅಂಕಲ್ ಮಗಳಾ ಅಂತ. ಪ್ಲೀಸ್, ಸೈನ್ ಮಾಡಿ." ಅವರು ಅನ್ನ ಕಲಸುವುದನ್ನು ನಿಲ್ಲಿಸಿದರು. ಮರುದಿನ ವಕಾಲತ್ತಿಗೆ ಸಹಿ ಮಾಡಿದರು.

ದಾವೆಗೆ ಕೆಳಮನೆಯಾತ ಕೊಟ್ಟ ಉತ್ತರ ಓದಿ ನನಗೆ ಅಸಹ್ಯದ ಜೊತೆಗೆ ಸ್ವಲ್ಪ ಆಶ್ಚರ್ಯವೂ ಆಯಿತು. ಇಷ್ಟು ವರ್ಷ ಹುಲಿಯಾಗಿದ್ದವನು ಈಗ ಮೊಲವಾಗಿದ್ದ. ತಾನು ಉತ್ತರದವನು, ದಕ್ಷಿಣದವರ ಆಚಾರ ಕಂಡರಿಯದವನು. ಬೆಳಗ್ಗೆ ಎದ್ದು ಬಂದರೆ ಅಂಗಳದ ತುಂಬ ಕೆಂಪು, ಕೆಂಪು ಹಚ್ಚಿದ ಕತ್ತಿ, ಅರೆಬೆತ್ತಲೆ ಮನುಷ್ಯ. ಹೆದರಿ ಹಿಂದೆ ಸರಿದಾಗ ಕೈಗೆ ಗಾಯವಾಯಿತು, ಕೊಲ್ಲಲು ಬಂದರೆಂದೇ ಪ್ರಾಮಾಣಿಕವಾಗಿ ನಂಬಿದ. ತಪ್ಪು ತಿಳಿವಳಿಕೆ ಇರಬಹುದು, ದ್ವೇಷವಿಲ್ಲ.

ವಕೀಲರು ಕಡಲೆ ಅಗಿಯುತ್ತ ಹೇಳಿದರು: "ಇದು ಗಟ್ಟಿ ಉತ್ತರ. ಜಡ್ಜ್ ಮೇಡಂಗೂ ಬೂದುಗುಂಬಳ ಅಂದ್ರೆ ಆಗ್ರಾದ ಪೇಠಾ ಮಿಠಾಯಿಯೇ ಗೊತ್ತು. ಆತನಿಗೆ ಈ ಪೂಜೆ ಮೊದಲೇ ಗೊತ್ತಿತ್ತು ಅನ್ನೋದಕ್ಕೆ ಯಾರಾದ್ರೂ ಇದ್ದಾರಾ?"

ಹಿಂದಿನ ವರ್ಷ ಕಾರಿನ ಪೂಜೆಯಲ್ಲಿ ನಿಂತು ಕೋಸಂಬರಿ ಉಂಡ ಆರು ಮನೆಯವರಿದ್ದರು. ಒಂದೊಂದೇ ಬಾಗಿಲು ತಟ್ಟಿದೆ. ಮೇಲಿನ ಮನೆಯಾಕೆ ಬಾಗಿಲನ್ನು ಮುಖದಷ್ಟೇ ತೆರೆದು, "ಭಾಭೀಜಿ, ನಾವು ಇಲ್ಲೇ ಬದುಕಬೇಕಲ್ವಾ," ಎಂದಳು.

"ನಾವೂ ಇಲ್ಲೇ ಬದುಕ್ತಿದೀವಿ," ಎಂದೆ. ಬಾಗಿಲು ಮುಚ್ಚಿಕೊಂಡಿತು. ಪಕ್ಕದವರಿಗೆ ಆ ದಿನ ಊರಿನಲ್ಲಿದ್ದ ನೆನಪೇ ಇಲ್ಲ. ಮತ್ತೊಬ್ಬರಿಗೆ ರಕ್ತದೊತ್ತಡ. ಹೆದರಿದವರನ್ನು ನಾನು ದ್ವೇಷಿಸುವುದಿಲ್ಲ. ಆಮೇಲೆ ಅವರ ಮನೆಯ ಸಕ್ಕರೆ ಬಟ್ಟಲು ನನ್ನ ಬಾಗಿಲಿಗೆ ಬಂದಾಗ ಸಕ್ಕರೆ ಮುಗಿದಿತ್ತು, ಅಷ್ಟೆ.

ಹಾಗಾಗಿ ನಮ್ಮ ಕಡೆಗೆ ಸಾಕ್ಷಿ ನಾನೊಬ್ಬಳೇ. ಆತನ ವಕೀಲ ಯುವಕ, ಕೂದಲಿಗೆ ಎಣ್ಣೆ, ಮಾತಿಗೂ ಎಣ್ಣೆ.

"ಮೇಡಂ, ಸ್ಕೂಟರಿಗೆ ಪೂಜೆ ಮಾಡಿ ಅಂತ ಯಾವ ಶಾಸ್ತ್ರದಲ್ಲಿದೆ?"

"ಸ್ಕೂಟರು ಶಾಸ್ತ್ರ ಬರೆದಾದ ಮೇಲೆ ಬಂತು."

"ಅಂದ್ರೆ ಇದು ಮಾಟ-ಮಂತ್ರ?"

"ಮಾಟ ಮಾಡೋಕೆ ಬರ್ತಿದ್ರೆ ನಾನು ಕೋರ್ಟಿಗೆ ಬರ್ತಿದ್ನಾ?"

ನ್ಯಾಯಾಧೀಶೆ ಕನ್ನಡಕ ಸರಿಪಡಿಸಿಕೊಂಡರು. ಕಾರಿನ ಪೂಜೆಯ ವಿಷಯ ಹೇಳಿದೆ. ಆ ವಕೀಲ, "ಇದಕ್ಕೆ ನಿಮ್ಮ ಮಾತಲ್ಲದೆ ಬೇರೆ ಏನಾದ್ರೂ ಇದೆಯಾ?" ಎಂದ. ಇರಲಿಲ್ಲ. ಫೋಟೋ ತೆಗೆದಿರಲಿಲ್ಲ. ಹೊರಗೆ ಬಂದಾಗ ಯಜಮಾನರು, "ಸಾಕು ನಡಿ, ದೇವರು ಇಷ್ಟೇ ಬರೆದಿರೋದು," ಎಂದರು. ಅವರ ದನಿ ಬಿದ್ದುಹೋಗಿತ್ತು.

ನನಗೆ ಮಾತ್ರ ಒಂದು ವಿಷಯ ಗೊತ್ತಿತ್ತು. ಕೆಳಮನೆಯಾತನ ವ್ಯಾಪಾರ, ಮೋಸ, ಲೆಕ್ಕ ಏನೂ ನನಗೆ ತಿಳಿಯದು. ಆದರೆ ಇಷ್ಟು ವರ್ಷ ತುಳಸಿ ಕುಂಡದ ಮೇಲಿಂದ ಆತನ ಉಪದೇಶ ಕೇಳಿದವಳು ನಾನು. ಆ ಬಾಯಿಗೆ "ಗೊತ್ತಿಲ್ಲ" ಎಂಬ ಮಾತು ಬರುವುದೇ ಇಲ್ಲ. ವಕೀಲರ ಬಳಿ ಹೋಗಿ ಹೇಳಿದೆ: "ಸರ್ದಾರ್‌ಜೀ, ಆತ ಬೋನಿಗೆ ಬಂದಾಗ ಜಗಳದ ವಿಷಯ ಎತ್ತಬೇಡಿ. ಧರ್ಮದ ವಿಷಯ ಕೇಳಿ. ನಿಮಗೇನೂ ತಿಳಿಯದು ಪಾಪ, ಅನ್ನಿ. ಸಾಕು."

ಅವರು ನನ್ನನ್ನು ಒಂದು ಕ್ಷಣ ನೋಡಿ ಒಂದು ಹಿಡಿ ಕಡಲೆ ನನ್ನ ಕೈಗೆ ಸುರಿದರು. ಅವರಿಂದ ಅದು ದೊಡ್ಡ ಮರ್ಯಾದೆ.

ಆತನ ಸಾಕ್ಷಿಯ ದಿನ ಬೇಸಗೆ. ಫ್ಯಾನು ತಿರುಗುತ್ತಿತ್ತು, ಗಾಳಿ ಇರಲಿಲ್ಲ. ನಮ್ಮ ವಕೀಲರು ಮೆಲ್ಲಗೆ, ಕನಿಕರದಿಂದ ಶುರುಮಾಡಿದರು.

"ರಾಮಲೀಲಾ ಸಮಿತಿಯ ಮುಖಂಡರು ನೀವು?"

"ಬಹಳ ವರ್ಷಗಳಿಂದ."

"ಆದ್ರೂ ಈ ಗಾಡಿ ಪೂಜೆ-ಗೀಜೆ ನಿಮಗೇನೂ ತಿಳಿಯದು. ಇರಲಿ, ಎಲ್ಲರಿಗೂ ಎಲ್ಲ ತಿಳಿದಿರಬೇಕು ಅಂತೇನಿಲ್ಲ. ಅದಕ್ಕೆ ಓದು-ಸಂಸ್ಕಾರ ಬೇಕು."

ಆತನ ಕತ್ತು ಉಬ್ಬಿದ್ದು ನನಗೆ ಹಿಂದಿನ ಬೆಂಚಿಗೂ ಕಂಡಿತು.

"ತಿಳಿಯದೇ ಏನು ಜನಾಬ್? ಗಾಡಿ ಪೂಜೆ ಯಾರಿಗೆ ತಿಳಿಯದು? ನಮ್ಮಲ್ಲಿ ತೆಂಗಿನಕಾಯಿ, ಸ್ವಸ್ತಿಕ. ಇವರಲ್ಲಿ ಪೇಠಾ."

"ಅಚ್ಛಾ! ಪೇಠಾ ತಿಂತಾರೋ?"

"ತಿನ್ನೋದಿಲ್ರೀ!" ಆತನಿಗೆ ನಮ್ಮ ವಕೀಲರ ದಡ್ಡತನ ಕಂಡು ನಗು. "ತಲೆ ಕೊರೆದು ಕೆಂಪು ನೀರು ತುಂಬಿ ಒಡೀತಾರೆ, ನಜರ್ ಇಳಿಯೋಕೆ. ಒಳಗೆ ಕಾಸು ಇರುತ್ತೆ. ಆಮೇಲೆ ನಾಲ್ಕೂ ಚಕ್ರದ ಕೆಳಗೆ ನಿಂಬೆಹಣ್ಣು ಇಟ್ಟು ಗಾಡಿ ಹರಿಸಬೇಕು. ಮೊದಲು ಮುಂದಕ್ಕೇ, ಹಿಂದಕ್ಕೆ ತೆಗೆಯೋ ಹಾಗಿಲ್ಲ. ಪ್ರಸಾದಕ್ಕೆ ನೆನೆಸಿದ ಹೆಸರುಬೇಳೆ, ಹಿಂಗಿನದು."

ಆತನ ವಕೀಲ ಎದ್ದು ನಿಂತ. ತಡವಾಗಿತ್ತು.

"ನಾಲ್ಕು ಚಕ್ರ ಅಂದ್ರಿ," ಎಂದರು ಸರ್ದಾರ್ಜಿ, ಅದೇ ಕನಿಕರದಲ್ಲಿ. "ಇವರ ಸ್ಕೂಟರಿಗೆ ಎಷ್ಟು ಚಕ್ರ?"

ಉತ್ತರಕ್ಕೆ ಕಾಯದೆ ಅವರೇ ಮುಂದುವರಿಸಿದರು.

"ಆ ದಿನ ಪ್ರಸಾದ ಹಂಚುವ ಮೊದಲೇ ಪೊಲೀಸರು ಬಂದಿದ್ರು. ಹಿಂಗಿನ ರುಚಿ ನೀವು ಯಾವ ಗಾಡಿಯ ಪೂಜೆಯಲ್ಲಿ ನೋಡಿದ್ರಿ?"

ಆತ ತನ್ನ ವಕೀಲನ ಕಡೆ ನೋಡಿದ. ವಕೀಲ ಕಡತದ ಕಡೆ ನೋಡಿದ. ನ್ಯಾಯಾಧೀಶೆ ಬೆರಳಚ್ಚುಗಾರನಿಗೆ ಒಂದೊಂದೇ ಪದ ನಿಧಾನವಾಗಿ ಹೇಳಿ ಬರೆಸಿದರು. "ನಾಲ್ಕೂ ಚಕ್ರದ ಕೆಳಗೆ" ಎಂಬುದನ್ನು ಎರಡು ಸಲ ಹೇಳಿದರು. ಯಜಮಾನರು ನನ್ನ ಪಕ್ಕದಲ್ಲಿ ನಿಧಾನವಾಗಿ ಬೆನ್ನು ನೆಟ್ಟಗೆ ಮಾಡಿ ಕೂತರು. ಎಷ್ಟೋ ವರ್ಷದ ಮೇಲೆ ಅವರು ಪೂರ್ತಿ ಎತ್ತರಕ್ಕೆ ಕೂತದ್ದನ್ನು ನಾನು ಕಂಡೆ.

ತೀರ್ಪು ಬಂದಾಗ ಅದರಲ್ಲಿ ಸಂಶಯದ ಲಾಭವಿರಲಿಲ್ಲ. ಪ್ರತಿವಾದಿಗೆ ಆ ಪೂಜೆ ಏನೆಂದು ಚೆನ್ನಾಗಿ ಗೊತ್ತಿತ್ತು, ಕೆಂಪು ರಕ್ತವಲ್ಲವೆಂದು ಗೊತ್ತಿದ್ದೂ, ಅಂಗಳದ ಸಹಿ ಸಿಗದ ಹಗೆಗೆ ಸುಳ್ಳು ದೂರು ಕೊಟ್ಟಿದ್ದಾನೆ, ವಾದಿಗೆ ಪರಿಹಾರ ಕೊಡಬೇಕು. ಮೊತ್ತ ನಾವು ಕೇಳಿದ್ದಕ್ಕಿಂತ ಕಡಿಮೆಯೇ. ಬಳಗದವರು ಫೋನು ಮಾಡಿ ಎಷ್ಟು ಬಂತು ಎಂದೇ ಮೊದಲು ವಿಚಾರಿಸಿದರು. ದೊಡ್ಡ ಮನಸ್ಸಿನವರಲ್ಲವೇ! ಕೆಳಮನೆಯಾತ ಮೇಲ್ಮನವಿ ಹಾಕುತ್ತೇನೆಂದು ಅಂಗಳದಲ್ಲಿ ಕೂಗಾಡಿದ. ಹಾಕಿಯೂ ಹಾಕಿದ, ನಿಲ್ಲಲಿಲ್ಲ. ನೆರೆಯವರೆಲ್ಲ ಒಬ್ಬೊಬ್ಬರಾಗಿ ಬಂದು, ತಮಗೆ ಮೊದಲಿನಿಂದಲೂ ಗೊತ್ತಿತ್ತು ಎಂದರು. ಅದು ಸತ್ಯವೇ. ಗೊತ್ತಿದ್ದೂ ಬಾಯಿ ಮುಚ್ಚಿಕೊಂಡಿದ್ದವರಿಗೆ ನಾನು ಚಹಾ ಕೊಟ್ಟೆ, ಬಿಸ್ಕತ್ತು ಕೊಡಲಿಲ್ಲ.

ಆ ವರ್ಷದ ಆಯುಧಪೂಜೆಗೆ ನಾನು ಏನೂ ಕೇಳಲಿಲ್ಲ. ತರಕಾರಿ ಮಂಡಿಯಿಂದ ಬಂದ ಯಜಮಾನರ ಚೀಲದಲ್ಲಿ, ಬೂದಿ ಹಚ್ಚಿದ ಹಾಗೆ ಬಿಳಿ ಮೆತ್ತಿಕೊಂಡ ಒಂದು ದೊಡ್ಡ ಕುಂಬಳಕಾಯಿ ಇತ್ತು.

"ಪಾನಿನ ಅಂಗಡಿಯಿಂದ ಸುಣ್ಣ ತಂದಿದೀನಿ. ಅರಿಶಿನ ಇದೆಯಾ ನೋಡು," ಎಂದರು, ನಿನ್ನೆ ಮೊನ್ನೆಯೂ ಹೀಗೇ ನಡೆದಿತ್ತು ಎನ್ನುವ ಹಾಗೆ. ನಾನು ಅಡುಗೆಮನೆಗೆ ಹೋಗಿ ಸೆರಗಿನಲ್ಲಿ ಕಣ್ಣೊರೆಸಿಕೊಂಡು ಅರಿಶಿನದ ಡಬ್ಬಿ ತಂದೆ.

ನಮ್ಮ ಸಹಿ ಸಿಗದೆ ಜಾಲರಿ ಏಳದೇ ಉಳಿದ ಅಂಗಳಕ್ಕೆ ಸ್ಕೂಟರು ಮದರ್ ಡೈರಿ ಬೂತಿನಿಂದ ಬಂತು. ಮಗಳು ಹಾರ ಹಾಕಿದಳು. ಠಾಣೆಯಿಂದ ಹಿಂದಿರುಗಿದ ಈಳಿಗೆ ಮಣೆಗೂ ಕುಂಕುಮ ಇಟ್ಟೆ. ಹಲಗೆಯ ಅಂಚಿನಲ್ಲಿ ಅರಗಿನ ಕಲೆ ಇನ್ನೂ ಇತ್ತು, ತಿಕ್ಕಿದರೂ ಹೋಗಿರಲಿಲ್ಲ. ಯಜಮಾನರು ಪಂಚೆ ಎತ್ತಿ ಕಟ್ಟಿ, ಕುಂಬಳಕಾಯಿ ನಿವಾಳಿಸಿ, ಅದೇ ಜಾಗದಲ್ಲಿ, ನಾನು ಎಂದೂ ಕೇಳಿರದ ಜೋರಿನಲ್ಲಿ ಅಪ್ಪಳಿಸಿದರು. ಕೆಂಪು ಓಕುಳಿ ಕೆಳಮನೆಯ ಹೊಸ್ತಿಲವರೆಗೆ ಸಿಡಿಯಿತು. ಒಳಗಡೆ ಪರದೆ ಅಲುಗಿತು. ಯಾರೂ ಹೊರಬರಲಿಲ್ಲ, ಪೊಲೀಸರೂ ಬರಲಿಲ್ಲ.

ಪ್ರಸಾದ ಹಂಚುವ ಹೊತ್ತಿಗೆ ಆತನ ಹೆಂಡತಿ ಕಿಟಕಿಯ ಬಳಿ ಬಂದು, ತಗ್ಗಿದ ದನಿಯಲ್ಲಿ, "ಭಾಭೀಜಿ, ಆ ಹೆಸರುಬೇಳೆಯದು ಮಾಡಿದೀರಾ?" ಎಂದಳು. ಪ್ರಸಾದ ಕೇಳಿದವರಿಗೆ ಇಲ್ಲ ಎನ್ನಬಾರದು, ನನ್ನ ಅತ್ತೆ ಕಲಿಸಿದ್ದು ಹಾಗೆ. "ಬಟ್ಟಲು ತನ್ನಿ," ಎಂದೆ. ತಂದಳು. ಒಂದು ಸೌಟು ಹಾಕಿದೆ. ನನ್ನ ಮನೆಯ ಬಟ್ಟಲಲ್ಲಿ ಕೊಡಲಿಲ್ಲ, ಎರಡನೇ ಸೌಟು ಹಾಕಲಿಲ್ಲ.

ಯಜಮಾನರು ಸ್ಕೂಟರು ಹತ್ತಿ ಕಿಕ್ ಒದ್ದರು. ನಾನು ಬಗ್ಗಿ ನಿಂಬೆಹಣ್ಣು ಇಡುವಾಗ ಅವರು ಕೆಳಮನೆಯ ಕಿಟಕಿಗೆ ಕೇಳುವಂತೆ ಕೂಗಿದರು:

"ಎರಡೇ ಇಡು ಕಣೇ. ಇದಕ್ಕೆ ಎರಡೇ ಚಕ್ರ!"

ಚಕ್ರಗಳು ಮುಂದಕ್ಕೆ ಉರುಳಿದವು. ನಿಂಬೆಹಣ್ಣು ಎರಡೂ ಪಚಕ್ಕೆಂದವು.